ಡೆಲ್‌ರಾಯ್‌ನ ಕೊನೆಯ ತಾಳ

ನಾನು ಒಂದು ತಾಳಯಂತ್ರ. ಹುಟ್ಟಿದ್ದು ಜಪಾನಿನ ಕಾರ್ಖಾನೆಯಲ್ಲಿ. ಡ್ರಮ್ ಬಾರಿಸುವವರು ಸಿಗದಾಗ ಅವರ ಬದಲಿಗೆ ಇರಲೆಂದು ನನ್ನನ್ನು ಮಾಡಿದರು. ಆದರೆ ನನ್ನ ದನಿ ಕೇಳಿದವರು, "ಇದೇನು, ಡಬ್ಬ ಬಡಿದ ಹಾಗಿದೆ!" ಎಂದು ನಕ್ಕರು. ಕೊನೆಗೆ ಷಿಕಾಗೋದ ಹಳೆ ಸಾಮಾನಿನ ಅಂಗಡಿಯಲ್ಲಿ ಧೂಳು ತಿನ್ನುತ್ತ ಕೂತೆ.

ಅಲ್ಲಿಂದ ನನ್ನನ್ನು ಎತ್ತಿಕೊಂಡು ಹೋದವನು ಡೆಲ್‌ರಾಯ್ ಎಂಬ ಕಪ್ಪು ತರುಣ. ಹಗಲೆಲ್ಲ ಬಸ್ಸು ತೊಳೆಯುತ್ತಿದ್ದ. ಸಂಜೆ ನನ್ನ ಗುಂಡಿಗಳ ಮೇಲೆ ಬೆರಳಿಡುತ್ತಿದ್ದ. ಎದೆ ಬಡಿದಂತೆ, ಒಂದೇ ಸಮನೆ ನಾಲ್ಕು ಪೆಟ್ಟು. ಬೇರೆಡೆ ಬಾಗಿಲಲ್ಲೇ ತಡೆಸಿಕೊಂಡಿದ್ದ ಜನ ಹಳೆಯ ಗೋದಾಮಿನಲ್ಲಿ ಅದಕ್ಕೆ ಬೆವರಿಳಿಸಿ ಕುಣಿದರು. ಗೋದಾಮಿಗೆ ಅಲ್ಲಿ ವೇರ್‌ಹೌಸ್ ಎನ್ನುತ್ತಾರೆ; ಅದರಿಂದ ಆ ಸಂಗೀತಕ್ಕೆ ಹೌಸ್ ಎಂದು ಹೆಸರಾಯಿತು.

ಡೆಲ್‌ರಾಯ್ ಕಾಯಿಲೆ ಬಿದ್ದ. ಹಾಸಿಗೆಯಲ್ಲೇ ಕೂತು ಕೊನೆಯದೊಂದು ತಾಳ ಕಟ್ಟಿ ನನ್ನಲ್ಲಿಟ್ಟು ಹೋದ. ನನ್ನಲ್ಲಿಟ್ಟ ತಾಳ ಉಳಿಯುವುದು ಬೆನ್ನಿನ ಬ್ಯಾಟರಿಗಳಿಂದ; ಕರೆಂಟೂ ಬ್ಯಾಟರಿಯೂ ಒಟ್ಟಿಗೆ ಇಲ್ಲವಾದರೆ ಅಳಿಸಿಹೋಗುತ್ತದೆ. ಅವನ ಅಕ್ಕ ವರ್ನಾ ನನ್ನನ್ನು ಕರೆಂಟಿನಲ್ಲಿಟ್ಟುಕೊಂಡೇ ಅವನ್ನು ಬದಲಿಸುತ್ತಿದ್ದಳು. ಲಂಡನ್ನಿಗೆ ಹೊರಟ ಅವನ ಗೆಳೆಯ ರೂಪರ್ಟನ ಕೈಗೆ ಕೊಡುವಾಗ, "ನನ್ನ ತಮ್ಮ ಇದರೊಳಗಿದಾನಪ್ಪ. ಊರೂರು ತಿರುಗೋ ಆಸೆ ಇತ್ತು ಅವನಿಗೆ" ಎಂದಳು.

ಎಷ್ಟು ಊರು ಕಂಡೆ! ಪ್ರತಿ ಕುಣಿತವನ್ನೂ ರೂಪರ್ಟ್ ಆ ತಾಳದಿಂದಲೇ ಮುಗಿಸುತ್ತಿದ್ದ. ಧ್ವನಿಮುದ್ರಿಸಿಕೊಳ್ಳಲು ಮಾತ್ರ ಯಾರಿಗೂ ಬಿಡಲಿಲ್ಲ. ಮುದುಕನಾದ ಮೇಲೆ, ಕಾರ್ಯಕ್ರಮ ಕೊಡಲು ಲಂಡನ್ನಿಗೆ ಬಂದಿದ್ದ ಬೆಂಗಳೂರಿನ ಆರ್ಕೆಸ್ಟ್ರಾದ ಸಂಪಂಗಿಗೆ ನನ್ನನ್ನು ಒಪ್ಪಿಸಿದ.

ಬೆಂಗಳೂರಿನಲ್ಲಿ ನನ್ನದೊಂದು ಗುಂಡಿ ಸಿಕ್ಕಿಹಾಕಿಕೊಂಡಿತು. ಸಂಪಂಗಿ ನನ್ನನ್ನು ರಿಪೇರಿ ಅಂಗಡಿಗೆ ಒಯ್ದ.

"ನಂಜುಂಡಣ್ಣ, ಕರೆಂಟು ತೆಗೀಬೇಡಿ, ಬ್ಯಾಟರಿ ಮುಟ್ಟಬೇಡಿ."

"ಆಯ್ತು ಗುರು, ಬಾಣಂತಿ ಥರ ನೋಡ್ಕೋತೀನಿ!"

ಅಷ್ಟರಲ್ಲಿ ಆಯುಧಪೂಜೆ ಬಂತು. ನಂಜುಂಡಿ ಬೂದುಗುಂಬಳ ತರಲು ಹೋಗಿದ್ದ. ಅವನ ಹೆಂಡತಿ ಲೋಲಾಕ್ಷಿ ಅಂಗಡಿಯ ಸಾಮಾನೆಲ್ಲ ಒರೆಸುತ್ತ ನನ್ನ ಬಳಿ ಬಂದಳು. ಆ ದಿನ ಯಾವ ಯಂತ್ರವೂ ದುಡಿಯಬಾರದು ಎಂಬುದು ಅವಳು ನಡೆಸಿಕೊಂಡು ಬಂದ ಪದ್ಧತಿ.

"ಪಾಪ, ದುಡಿದೂ ದುಡಿದೂ ಸವೆದಿದೀಯ. ಇವತ್ತೊಂದಿನ ನೀನೂ ಸುಧಾರಿಸ್ಕೋ" ಎಂದು ವೈರು ಕಿತ್ತಳು. ಬ್ಯಾಟರಿ ತೆಗೆದಳು. ಕಿಲುಬು ಒರೆಸಿ, ಹೊಸವನ್ನು ಹಾಕಿ, ಕುಂಕುಮವಿಟ್ಟು ಹೂವು ಮುಡಿಸಿದಳು. ಅಷ್ಟು ಮೆತ್ತಗಿನ ಕೈ ನನ್ನನ್ನು ಬಹಳ ಕಾಲದಿಂದ ಮುಟ್ಟಿರಲಿಲ್ಲ.

ಹಬ್ಬ ಕಳೆದು ಬಂದ ಸಂಪಂಗಿ ವೈರು ಸಿಕ್ಕಿಸಿ ಗುಂಡಿ ಒತ್ತಿದ. ದೀಪ ಹತ್ತಿತು, ತಾಳ ಬರಲಿಲ್ಲ. ಮತ್ತೆ ಒತ್ತಿದ.

"ಹೊಸಾ ಬ್ಯಾಟರಿ ಹಾಕಿದೀನಲ್ಲ, ಯಾಕೆ ಸುಮ್ನಿದೆ?" ಎಂದಳು ಲೋಲಾಕ್ಷಿ.

ಅವನು ನನ್ನ ಮೇಲಿನ ಕುಂಕುಮವನ್ನೇ ನೋಡುತ್ತ ನಿಂತ.

"ಏನಿಲ್ಲ ಅಕ್ಕ. ಒಳಗಿದ್ದೋರು ಹೋದ್ರು."

ಈಗ ಅವನ ಮನೆಯ ಅಟ್ಟದಲ್ಲಿದ್ದೇನೆ. ಕೆಳಗೆ ಆಟೋ ಸ್ಟ್ಯಾಂಡಿನವರು ರಾಜ್ಯೋತ್ಸವಕ್ಕೆ ಸ್ಪೀಕರ್ ಕಟ್ಟಿದ್ದಾರೆ. ಯಾವುದೋ ಹಾಡಿನ ಅಡಿಯಲ್ಲಿ ಅದೇ ನಾಲ್ಕು ಪೆಟ್ಟು. ಕುಣಿಯುವವರಿಗೆ ಡೆಲ್‌ರಾಯ್ ಯಾರೆಂದು ಗೊತ್ತಿಲ್ಲ. ಅವನು ಹತ್ತು ಜನಕ್ಕೆ ಹಂಚಿದ್ದೆಲ್ಲ ಉಳಿದಿದೆ. ನನ್ನೊಬ್ಬನನ್ನೇ ನಂಬಿ ಇಟ್ಟದ್ದು ಹೋಯಿತು. ಅವನ ಬೆರಳಿನ ಬಿಸಿ ನನಗೆ ನೆನಪಿದೆ. ತಾಳ ನೆನಪಿಲ್ಲ.