ಸೋರೆಬುರುಡೆಯ ಸರದಿ

ನೀರು ಕುದಿಯಬಾರದು. ಕೆಟಲಿನ ತಳದಲ್ಲಿ ಗುಯ್ ಎಂದು ಸಣ್ಣ ಸದ್ದು ಹುಟ್ಟಿದ ಕೂಡಲೇ ಇಳಿಸಬೇಕು. ಕುದಿದರೆ ಎಲೆ ಸುಟ್ಟು ರುಚಿ ಕೆಡುತ್ತದೆ. ಹೀರುವ ಕೊಳವೆ ಲೋಹದ್ದಾದ್ದರಿಂದ ತುಟಿ ನಾಲಗೆಯೂ ಸುಡುತ್ತವೆ. ನುಂಗಂಬಾಕ್ಕಂನ ಹಳೆಯ ಕಟ್ಟಡದ ತಾರಸಿಯಲ್ಲಿ ಲೂಸಿಯಾ ಇದನ್ನು ಸುಮತಿಗೆ ಕಲಿಸಿ ವರ್ಷಗಳೇ ಆಗಿದ್ದವು.

ಲೂಸಿಯಾ ಅರ್ಜೆಂಟೀನಾದವಳು. ಗಂಡನ ಕೆಲಸದ ನಿಮಿತ್ತ ಚೆನ್ನೈಗೆ ಬಂದು, ಸುಮತಿಯ ಮೇಲಿನ ಮನೆಯಲ್ಲಿ ಬಾಡಿಗೆಗಿದ್ದು, ಹೊತ್ತು ಹೋಗಲೆಂದು ತನ್ನೂರಿನ ಅಡುಗೆ ಹೇಳಿಕೊಡುತ್ತಿದ್ದಳು. ಅವಳ ದೇಶದ ಚಹಾಕ್ಕೆ ಮಾಟೇ ಎಂದು ಹೆಸರು. ಒಣ ಸೋರೆಬುರುಡೆಯೊಳಗೆ ಹಸಿರೆಲೆಯ ಪುಡಿ ತುಂಬಿ, ಬಿಸಿನೀರು ಹೊಯ್ದು, ಕೊಳವೆಯಿಂದ ಹೀರುವುದು. ಮೊದಲ ದಿನ ಬುರುಡೆ ಕೈಗೆ ಬಂದಾಗ ಸುಮತಿ ಮಾಡಿದ್ದು ಅವಳ ಮನೆತನದವರು ಯಾರಾದರೂ ಮಾಡುವ ಕೆಲಸ: ಕೊಳವೆಯನ್ನು ಕಿತ್ತು ಬದಿಗಿಟ್ಟು, ಬುರುಡೆಯನ್ನು ತುಟಿಗೆ ತಾಗದ ಹಾಗೆ ಎತ್ತಿ ಬಾಯಿಗೆ ಸುರಿದುಕೊಂಡಳು. ಎಲೆಯೆಲ್ಲ ಸೀರೆಯ ಮೇಲೆ. ಲೂಸಿಯಾ ಕಣ್ಣಲ್ಲಿ ನೀರು ಬರುವ ತನಕ ನಕ್ಕಳು.

ನಕ್ಕು ಮುಗಿದ ಮೇಲೆ, ಕಲಿತಷ್ಟು ತಮಿಳಿನಲ್ಲಿ ಕ್ರಮ ಹೇಳಿದಳು. ಎಷ್ಟು ಜನ ಕೂತರೂ ಒಂದೇ ಬುರುಡೆ, ಒಂದೇ ಕೊಳವೆ. ನೀರು ಹೊಯ್ಯುವವರು ಮೊದಲು ಕುಡಿಯಬೇಕು. ಆಮೇಲೆ ಬಲಗಡೆಯವರಿಂದ ಸುರುವಾಗಿ ಒಬ್ಬೊಬ್ಬರಿಗೆ. ಗೊರ್ ಎಂದು ಸದ್ದು ಬರುವವರೆಗೆ ಹೀರಿ ಬುರುಡೆ ವಾಪಸು ಕೊಡಬೇಕು. ಕೊಳವೆ ಒರೆಸಿದರೆ ಅವಮಾನ. ಥ್ಯಾಂಕ್ಸ್ ಎಂದರೆ ಸಾಕು ಎಂದರ್ಥ, ಮತ್ತೆ ಸರದಿ ಬರುವುದಿಲ್ಲ.

ಅಂದರೆ ಎಲ್ಲರೂ ಎಲ್ಲರ ಎಂಜಲು ಕುಡಿಯುವುದು. ಸುಮತಿಗೆ ಆ ಕ್ಷಣವೇ ಅಣ್ಣ ನೆನಪಾಗಿದ್ದ.

ಅವಳ ತವರು ಮೈಲಾಪೂರ್. ಅಪ್ಪ ಉಡುಪಿ ಕಡೆಯಿಂದ ಬಂದು ಹೋಟೆಲು ಇಟ್ಟವರು. ಹೋಟೆಲಿನ ಬೆನ್ನಿಗೇ ಮನೆ. ಮಡಿ, ಮೈಲಿಗೆ, ಎಂಜಲು ಎಲ್ಲ ಗಟ್ಟಿಯಾಗಿದ್ದ ಮನೆ. ಆ ಮನೆಯ ಹುಡುಗಿ ರೈಲ್ವೆಯಲ್ಲಿ ಫಿಟ್ಟರ್ ಆಗಿದ್ದ ಬಾಬುವನ್ನು ಕಟ್ಟಿಕೊಂಡಳು. ಬಾಬು ಅದೇ ಕರಾವಳಿಯವನು, ಅದೇ ಕನ್ನಡದವನು, ಆದರೆ ಮೀನುಗಾರರ ಮನೆಯವನು. ಆಮೇಲೆ ತವರಿಗೆ ಬಂದರೆ ಅವಳು ಜಗಲಿ ದಾಟುವ ಹಾಗಿರಲಿಲ್ಲ. ಜಗಲಿಯ ಗೂಡಿನಲ್ಲಿ ಅವಳಿಗೆಂದೇ ಒಂದು ಲೋಟ ಬೋರಲು ಹಾಕಿರುತ್ತಿತ್ತು. ಅಮ್ಮ ಕಾಫಿ ತಂದು ಅದಕ್ಕೆ ಮೇಲಿನಿಂದ ಹೊಯ್ಯುತ್ತಿದ್ದಳು. ಕುಡಿದು, ತೊಳೆದು, ಮತ್ತೆ ಬೋರಲು ಹಾಕಿ ಬರಬೇಕು. ಅದಕ್ಕೂ ಸುಮತಿ ಬೇಸರಿಸಲಿಲ್ಲ. ಹೊಯ್ಯುವಾಗ ಅಮ್ಮನ ಕೈ ನಡುಗುವುದು ಕಾಣುತ್ತಿತ್ತು, ಅದೇ ಅವಳಿಗೆ ಸಾಕಾಗಿತ್ತು.

ಅಮ್ಮನ ಕೊನೆಯ ಹೊತ್ತಿಗೆ ಮಕ್ಕಳು ಬಾಯಿಗೆ ತುಳಸಿ ನೀರು ಬಿಡುವ ಸಮಯ. ಸುಮತಿ ಬಸ್ಸಿಳಿದು ಓಡಿ ಬಂದಳು. ಅಣ್ಣ ಸತ್ಯನಾರಾಯಣ ಬಾಗಿಲಿಗೆ ಅಡ್ಡ ಕೈ ಇಟ್ಟು ನಿಂತಿದ್ದ. ಹಿಂದೆ ಮಾವಂದಿರು, ಪುರೋಹಿತರು.

"ಒಳಗೆ ಬರುದು ಬೇಡ. ನಿನ್ನ ಕೈಯ ನೀರು ಆಗುದಿಲ್ಲ. ಅಮ್ಮ ಶುದ್ಧದಲ್ಲಿ ಹೋಗ್ಲಿ" ಎಂದ.

ಒಳಗಿನಿಂದ ಅಮ್ಮನ ದನಿ ಕೇಳಿಸಿತು. "ಸುಮ್ಮಿ ಬಂದಳಾ?"

"ಇಲ್ಲಮ್ಮ. ಹೇಳಿ ಕಳ್ಸಿದ್ದೆ. ಬರ್ಲಿಲ್ಲ" ಎಂದ ಅಣ್ಣ, ತಂಗಿಯ ಮುಖವನ್ನೇ ನೋಡುತ್ತ.

ಅಮ್ಮ ಮತ್ತೆ ಕೇಳಲಿಲ್ಲ.

ಮೂವತ್ತು ವರ್ಷದ ಮೇಲಾಯಿತು. ಬಾಬುವೂ ಹೋದ. ಇಷ್ಟು ಕಾಲ ಸುಮತಿ ಒಂದೇ ಒಂದು ಸಮಾಧಾನ ಕಟ್ಟಿಕೊಂಡು ಬದುಕಿದ್ದಳು: ಅಣ್ಣ ಕಟುಕ ಇರಬಹುದು, ಆದರೆ ನಂಬಿದ್ದನ್ನು ನಡೆಸಿದ. ಅವನ ಮಡಿ ಅವನಿಗೆ ನಿಜ. ಮಗಳು ಬರಲಿಲ್ಲವೆಂದುಕೊಂಡೇ ಅಮ್ಮ ಸತ್ತದ್ದಕ್ಕೆ ಅಷ್ಟಾದರೂ ಒಂದು ಕಾರಣ ಉಂಟು.

ಹಾಗಿರುವಾಗ ಲೂಸಿಯಾ ಒಂದು ಸುದ್ದಿ ತಂದಳು. ಮೈಲಾಪೂರಿನಲ್ಲಿ ಒಬ್ಬ ಹುಡುಗ ಅತಿಥಿಗಳನ್ನು ಬೀದಿ ಬೀದಿ ನಡೆಸಿ ಹಳೆಯ ಊರು ತೋರಿಸುತ್ತಾನಂತೆ, ನಡಿಗೆಯ ಕೊನೆಗೆ ತನ್ನ ಮನೆಯಲ್ಲೇ ಅಡುಗೆ ಪಾಠ ಇಡುತ್ತಾನಂತೆ. ಈ ಸಲ ಅರ್ಜೆಂಟೀನಾದ ಅಡುಗೆ, ಪಾಠ ತನ್ನದು. ಪ್ರವಾಸದ ಕಂಪನಿಯವರು ನೋಡಲು ಬರುತ್ತಾರೆ, ಒಪ್ಪಿದರೆ ವಾರ ವಾರ ಗುಂಪು ಕಳಿಸುತ್ತಾರೆ. ಹುಡುಗನ ಹೆಸರು ಪ್ರವೀಣ್. ಮನೆ ಒಂದು ಮುಚ್ಚಿದ ಹೋಟೆಲಿನ ಹಿಂದೆ.

ಸುಮತಿ ಬೀದಿಯ ಹೆಸರು ಕೇಳಿದಳು. ಆಮೇಲೆ, "ಮಾಟೇ ನಾನು ಹೊಯ್ಯುತ್ತೇನೆ" ಎಂದಳು. ಅದು ತನ್ನ ತವರುಮನೆಯೆಂದು ತಿಳಿಸಲಿಲ್ಲ. ಲೂಸಿಯಾ ಖುಷಿಯಿಂದ ಅವಳನ್ನು ತಬ್ಬಿಕೊಂಡಳು.

ಮನಸ್ಸಿನಲ್ಲಿ ಲೆಕ್ಕ ಸರಳವಾಗಿತ್ತು. ಬಂದವರೆದುರು ತನ್ನ ತುಟಿಯಿಂದ ತೆಗೆದ ಕೊಳವೆಯನ್ನು ಅಣ್ಣನಿಗೆ ಕೊಡುವುದು. ಬೇಡವೆಂದರೆ ಅವನ ಮರ್ಯಾದೆ, ಮಗನ ವ್ಯಾಪಾರ ಎರಡೂ ಹೋಗುತ್ತವೆ. ಕುಡಿದರೆ ಒಳಗಿನಿಂದ ಮುರಿಯುತ್ತಾನೆ. ಯಾವುದಾದರೂ ಅವಳಿಗೆ ಆಗಬಹುದು. ಮೂರನೆಯದೊಂದು ಇರಬಹುದೆಂದು ಹೊಳೆಯಲೇ ಇಲ್ಲ.

ಪಾಠದ ದಿನ ಬೆಳಿಗ್ಗೆ ದೇವಸ್ಥಾನದ ಕೊಳದ ಕಟ್ಟೆಯ ಬಳಿ ಎಲ್ಲರೂ ಸೇರಿದರು. ಟೋಪಿ, ನೀರಿನ ಬಾಟಲಿ, ಬೆವರು. ಪ್ರವಾಸದ ಕಂಪನಿಯ ಶ್ರೀಯಾ ಎಂಬ ಹುಡುಗಿ ಕೊರಳಿಗೆ ಕ್ಯಾಮೆರಾ ನೇತುಹಾಕಿಕೊಂಡಿದ್ದಳು. ಅವಳಿಗೆ ತಮಿಳು, ಇಂಗ್ಲಿಷ್ ಬಿಟ್ಟರೆ ಬೇರೆ ಬಾರದು. ಪ್ರವೀಣ್ ಸುಮತಿಯ ಕೈಯ ಚೀಲ ನೋಡಿ ತಮಿಳಿನಲ್ಲಿ, ಲೂಸಿಯಾ ಮೇಡಂ ಮನೆಯ ಕೆಲಸದವರಾ ಎಂದು ಕೇಳಿದ.

"ನಾನು ಸುಮತಿ. ನಿನ್ನ ಅಪ್ಪನ ತಂಗಿ" ಎಂದಳು ಅವಳು ಕನ್ನಡದಲ್ಲಿ.

ಹುಡುಗ ಒಂದು ಗಳಿಗೆ ಕಣ್ಣು ಮಿಟುಕಿಸಿದ. ಮುಖ ಅರಳಿತು. "ಅಯ್ಯೋ, ಸೂಪರ್ ಅತ್ತೆ. ನೀವು ಬಂದದ್ದು ರೊಂಬ ಒಳ್ಳೇದಾಯ್ತು. ಗೆಸ್ಟ್‌ಗಳಿಗೆ ವಯಸ್ಸಾದೋರು ಒಬ್ರು ಬೇಕು ಅಂತಾರೆ. ಅಮ್ಮನಿಗೆ ಮಂಡಿ ನೋವು, ಕೂರಕ್ಕಾಗಲ್ಲ. ನೀವು ಸುಮ್ನೆ ನಗ್ತಾ ಇದ್ರೆ ಪೋದುಂ." ಎಂದವನೇ ಆಚೆ ಹೋಗಿ ಅಪ್ಪನಿಗೆ ಫೋನು ಮಾಡಿದ.

ದೇವಸ್ಥಾನದ ಸುತ್ತಲಿನ ಮಾಡ ಬೀದಿಗಳಲ್ಲಿ ನಡಿಗೆ ಸಾಗಿತು. ಹೂವಿನವರ ಬುಟ್ಟಿ, ಕಾಫಿಪುಡಿಯ ಗಿರಣಿ, ಹಿತ್ತಾಳೆ ಪಾತ್ರೆ ಅಂಗಡಿ. ಪ್ರವೀಣ್ ಒಂದೊಂದಕ್ಕೂ ಒಂದು ಕಥೆ ಹೇಳಿದ. ಕೊನೆಗೆ ಮನೆಯ ಜಗಲಿ ಹತ್ತಿಸಿ, ಗೋಡೆಯ ಗೂಡಿನ ಮುಂದೆ ನಿಲ್ಲಿಸಿದ. ಗೂಡಿನಲ್ಲಿ ಫಳಫಳ ಹೊಳೆಯುವ ಹಿತ್ತಾಳೆ ಲೋಟವೊಂದನ್ನು ಬೋರಲು ಹಾಕಿದ್ದರು. ಸುಮತಿಗೆ ಇಂಗ್ಲಿಷು ಅರ್ಧ ತಿಳಿಯುತ್ತಿತ್ತು. ಆ ಅರ್ಧವೇ ಸಾಕಾಯಿತು. ತನ್ನ ಅಜ್ಜಿ ಯಾರ ಜಾತಿಯನ್ನೂ ಕೇಳುತ್ತಿರಲಿಲ್ಲ ಎಂದ ಪ್ರವೀಣ್. ಬಾಯಾರಿ ಬಂದ ದಾರಿಹೋಕರಿಗಾಗಿ ಈ ಗೂಡಿನಲ್ಲಿ ಸದಾ ಒಂದು ಲೋಟ ಇಟ್ಟಿರುತ್ತಿದ್ದರಂತೆ. ಅತಿಥಿಗಳು ಸಾಲಾಗಿ ಬಂದು ಗೂಡಿನ ಫೋಟೋ ತೆಗೆದುಕೊಂಡರು. ಒಬ್ಬಾಕೆ ಎದೆಯ ಮೇಲೆ ಕೈ ಇಟ್ಟುಕೊಂಡಳು.

"ಆಗ ಇದ್ದದ್ದು ಸ್ಟೀಲಿನ ಲೋಟ" ಎಂದಳು ಸುಮತಿ ಮೆಲ್ಲಗೆ.

"ಗೊತ್ತು ಅತ್ತೆ. ಹಿತ್ತಾಳೆ ಅಂದ್ರೆ ಫೋಟೋದಲ್ಲಿ ಚೆನ್ನಾಗಿ ಬರ್ತದೆ" ಎಂದ ಅವನು ಅಷ್ಟೇ ಮೆಲ್ಲಗೆ.

ಬಾಗಿಲಲ್ಲಿ ಸತ್ಯನಾರಾಯಣ ನಿಂತಿದ್ದ. ಜರಿಯಂಚಿನ ಪಂಚೆ, ಹಣೆಗೆ ನಾಮ, ಬಾಯ್ತುಂಬ ನಗು. "ಬಾ ಬಾ ಸುಮತಿ" ಎಂದು ಬೀದಿಗೆ ಕೇಳುವ ಹಾಗೆ ಕರೆದು, ಅವಳ ಭುಜ ಹಿಡಿದು ಅತಿಥಿಗಳತ್ತ ತಿರುಗಿಸಿದ. ಇವಳು ನನ್ನ ಒಬ್ಬಳೇ ತಂಗಿ, ಈ ಮನೆಯ ಕಣ್ಣು ಎಂದು ಇಂಗ್ಲಿಷಿನಲ್ಲಿ ಹೇಳಿದ. ಎಲ್ಲರೂ ಚಪ್ಪಾಳೆ ತಟ್ಟಿದರು. ಆ ಗಲಾಟೆಯಲ್ಲಿ ಸುಮತಿ ಹೊಸಿಲು ದಾಟಿದ್ದು ಯಾರಿಗೂ ಗೊತ್ತಾಗಲಿಲ್ಲ. ದಾಟಿದ ಮೇಲೆ ಅವಳಿಗೇ ಗೊತ್ತಾಯಿತು.

ಅಮ್ಮನ ಅಡುಗೆಮನೆಯಲ್ಲಿ ಈಗ ಉದ್ದನೆಯ ಸ್ಟೀಲ್ ಮೇಜು, ಅವನ್. ಲೂಸಿಯಾ ಮೈದಾ ಹಿಟ್ಟನ್ನು ನಾದಿ, ಲಟ್ಟಿಸಿ, ಮೆಕ್ಕೆಜೋಳ, ಚೀಸು, ಈರುಳ್ಳಿಯ ಪಲ್ಯ ತುಂಬಿ ಅಂಚು ಮಡಿಸಲು ಕಲಿಸಿದಳು. ಎಂಪನಾಡಾ ಎಂದಳು, ನೋಡಲು ಕರ್ಜಿಕಾಯಿಯೇ. ಅತಿಥಿಗಳ ಕೈಯಲ್ಲಿ ಅಂಚು ಬಿಚ್ಚಿಕೊಂಡು ಹೂರಣ ಹೊರಬಂತು, ನಗು ಎದ್ದಿತು. ಈರುಳ್ಳಿ ಹುರಿಯುವ ವಾಸನೆ ಅಮ್ಮನ ದೇವರ ಗೂಡಿನವರೆಗೆ ಹೋಗುತ್ತಿತ್ತು.

"ಈರುಳ್ಳಿ ಯಾವಾಗಿಂದ ಅಣ್ಣಯ್ಯ?" ಎಂದಳು ಸುಮತಿ.

"ಗೆಸ್ಟ್ ಬಂದಾಗ ಮಾತ್ರ. ಇಲ್ಲದಿದ್ರೆ ವ್ಯಾಪಾರ ಎಂತ ಆಗುದು? ನಿನಗಾದ್ರೆ ಮೀನಿನ ವಾಸನೆಯೇ ಅಭ್ಯಾಸ ಉಂಟಲ್ಲ, ಇದೇನು ಮಹಾ" ಎಂದು ನಗುತ್ತಲೇ ಚುಚ್ಚಿದ.

ಅವನು ಅವನಾಗಿಯೇ ಇದ್ದಾನೆ ಎಂದು ಸುಮತಿಗೆ ಧೈರ್ಯ ಬಂತು.

ಊಟವಾದ ಮೇಲೆ ನಡುಮನೆಯಲ್ಲಿ, ಹಾರ ಹಾಕಿದ ಅಮ್ಮನ ಪಟದ ಕೆಳಗೆ ಚಾಪೆ, ಮಣೆ ಹಾಕಿದರು. ಸುಮತಿ ಸಣ್ಣ ಕರೆಂಟ್ ಒಲೆಯ ಮೇಲೆ ಕೆಟಲು ಇಟ್ಟು, ಬುರುಡೆಗೆ ಎಲೆ ತುಂಬಿದಳು. ಲೂಸಿಯಾ ಎಲ್ಲರಿಗೂ ಕ್ರಮ ವಿವರಿಸಿದಳು: ಒಂದೇ ಕೊಳವೆ, ಒರೆಸಬಾರದು, ಸದ್ದು ಬರುವವರೆಗೆ ಹೀರಬೇಕು. ಸತ್ಯನಾರಾಯಣ ತಲೆಯಾಡಿಸುತ್ತ ಎಲ್ಲವನ್ನೂ ಕೇಳಿಸಿಕೊಂಡ.

"ಅಣ್ಣಯ್ಯ, ಇಲ್ಲಿ ಕೂತ್ಕೋ. ನನ್ನ ಬಲಗಡೆ" ಎಂದು ಸುಮತಿ ಮಣೆ ತಟ್ಟಿದಳು.

ಅವನು ಬಂದು ಕೂತ. ಶ್ರೀಯಾ ಎದುರಿಗೆ ಮಂಡಿಯೂರಿ ಕ್ಯಾಮೆರಾ ಹಿಡಿದಳು.

ಸುಮತಿ ಮೊದಲ ಬುರುಡೆಯನ್ನು ತಾನು ಕುಡಿದಳು. ಅವಸರ ಮಾಡಲಿಲ್ಲ. ಕೊಳವೆಯ ತುದಿ ಪೂರ್ತಿ ಒದ್ದೆಯಾಗುವ ಹಾಗೆ, ಅವನಿಗೆ ಕಾಣುವ ಹಾಗೆ ಕುಡಿದಳು. ಗೊರ್ ಎಂದಿತು. ಮತ್ತೆ ನೀರು ಹೊಯ್ದು, ಕೊಳವೆಯನ್ನು ಅವನತ್ತ ತಿರುಗಿಸಿ, ಎರಡು ಕೈಯಲ್ಲಿ ನೀಡಿದಳು.

ಸತ್ಯನಾರಾಯಣ ಕೊಳವೆಯತ್ತ ನೋಡಲೇ ಇಲ್ಲ. ಅವನು ಕ್ಯಾಮೆರಾ ಎಲ್ಲಿದೆಯೆಂದು ನೋಡಿದ. ಪಂಚೆಯ ಅಂಚು ಸರಿಮಾಡಿಕೊಂಡ. ಕೊಳವೆ ಬಾಯಿಗಿಟ್ಟು, ಎಳನೀರು ಕುಡಿದಷ್ಟು ಸಲೀಸಾಗಿ ಹೀರಿ ಮುಗಿಸಿದ.

"ಕಹಿ ಉಂಟು ಮಾರಾಯ್ತಿ. ಇದಕ್ಕೆ ಸಕ್ಕರೆ ಹಾಕುದಿಲ್ವಾ?" ಎಂದ.

ಸುಮತಿ ಬುರುಡೆ ವಾಪಸು ತೆಗೆದುಕೊಂಡಳು. ಎಡಗಡೆ ಕೂತ ಲೂಸಿಯಾ ನಗುತ್ತಿದ್ದಳು, ಎಲ್ಲರೂ ನಗುತ್ತಿದ್ದರು. ಸುಮತಿಯ ಮುಖದಲ್ಲೂ ಆ ನಗು ಹಾಗೇ ಅಂಟಿಕೊಂಡಿತ್ತು.

"ನನ್ನ ಎಂಜಲು ಕುಡಿದೆ ಅಣ್ಣಯ್ಯ" ಎಂದಳು, ಚಹಾದ ವಿಷಯ ಹೇಳುವ ದನಿಯಲ್ಲಿ.

"ಅದೆಲ್ಲ ಈಗ ಯಾರು ನೋಡ್ತಾರೆ."

"ಅಮ್ಮ ಕೇಳಿದಾಗ ನಾನು ಜಗಲಿಯಲ್ಲೇ ಇದ್ದೆ. ಒಂದು ಚಮಚ ನೀರು ನನ್ನ ಕೈಯಿಂದ ಆಗುದಿಲ್ಲ ಅಂದೆ ನೀನು. ಬರ್ಲಿಲ್ಲ ಅಂತ ಸುಳ್ಳು ಹೇಳಿದೆ."

"ಹೇಳಿದೆ. ಎಂತ ಮಾಡುದು?" ಎಂದ ಅವನು. ಅವನ ನಗುವೂ ಮಾಸಲಿಲ್ಲ. "ಮಾವಂದಿರೆಲ್ಲ ನಿಂತಿದ್ರು. ಭಟ್ರು ಇದ್ರು. ಹೋಟೆಲಿಗೆ ಮಠದವ್ರು ಬರ್ತಿದ್ರು ಆವಾಗ. ನನಗೆ ನೀನು ಒಳಗೆ ಬಂದ್ರೆಂತ, ಬಿಟ್ರೆಂತ? ಅವತ್ತು ನೋಡುವವರು ಅವ್ರು, ಇವತ್ತು ನೋಡುವವರು ಇವ್ರು. ಈಗ ಅದನ್ನೆಲ್ಲ ಕೆದಕ್ಬೇಡ, ನಗು."

ಸುಮತಿಗೆ ಮೊದಲು ಅರ್ಥವಾಗಲಿಲ್ಲ. ಅರ್ಥವಾದಾಗ ಮೂವತ್ತು ವರ್ಷ ಒರಗಿಕೊಂಡಿದ್ದ ಗೋಡೆ ಬೆನ್ನಹಿಂದೆ ಇಲ್ಲದಂತಾಯಿತು. ಮಡಿಯೂ ಇರಲಿಲ್ಲ. ಶುದ್ಧವೂ ಇರಲಿಲ್ಲ. ಅಮ್ಮನಿಗೆ ಮಗಳ ಕೈಯ ಒಂದು ಚಮಚ ನೀರು ತಪ್ಪಿಹೋದದ್ದು ನಾಲ್ಕು ಜನ ನೋಡುತ್ತಾರೆಂದು.

ಶ್ರೀಯಾ ಕ್ಯಾಮೆರಾದಲ್ಲಿ ಏನೋ ನೋಡಿ, ಬೆಳಕು ಸರಿಯಿರಲಿಲ್ಲ, ಅಣ್ಣ ತಂಗಿಯ ಫೋಟೋವನ್ನೇ ಮೊದಲ ಪುಟಕ್ಕೆ ಹಾಕಬೇಕು, ಇನ್ನೊಂದು ಸಲ ಆಗುತ್ತದೆಯೇ ಎಂದು ತಮಿಳಿನಲ್ಲಿ ಕೇಳಿದಳು. ಈ ಸಲ ವಿಡಿಯೋ, ಸದ್ದೂ ಬರಲಿ ಎಂದಳು.

"ಇನ್ನೊಂದು ಕೊಡು ಸುಮತಿ" ಎಂದು ಸತ್ಯನಾರಾಯಣ ಕೈ ಚಾಚಿದ.

ಸುಮತಿ ಕೆಟಲನ್ನು ಮತ್ತೆ ಒಲೆಯ ಮೇಲಿಟ್ಟಳು. ಗುಯ್ ಎಂಬ ಸದ್ದು ಹುಟ್ಟಿತು. ಅವಳು ಇಳಿಸಲಿಲ್ಲ. ಸದ್ದು ದಪ್ಪವಾಯಿತು, ಮುಚ್ಚಳ ತಟಪಟ ಕುಣಿಯಿತು, ಮೂತಿಯಿಂದ ಹಬೆ ನುಗ್ಗಿತು.

"ಅಕ್ಕಾ, ತಣ್ಣಿ ಕೊದಿಕ್ಕುದು" ಎಂದಳು ಲೂಸಿಯಾ, ನೀರು ಕುದಿಯುತ್ತಿದೆಯೆಂದು.

"ತೆರಿಯುಂ" ಎಂದಳು ಸುಮತಿ. ಗೊತ್ತು. ಲೂಸಿಯಾ ಅವಳ ಮುಖ ನೋಡಿ, ಕೆಟಲಿನತ್ತ ಚಾಚಿದ್ದ ಕೈಯನ್ನು ಹಿಂದಕ್ಕೆ ತೆಗೆದುಕೊಂಡಳು.

ಕುದಿಯುವ ನೀರನ್ನು ಬುರುಡೆಯ ಕಂಠದವರೆಗೆ ಹೊಯ್ದು, ಒಂದು ಹನಿ ಚೆಲ್ಲದೆ, ಸುಮತಿ ಅಣ್ಣನಿಗೆ ನೀಡಿದಳು. ಅವನು ಕ್ಯಾಮೆರಾದತ್ತ ನಕ್ಕು ಕೊಳವೆಯನ್ನು ತುಟಿಗಿಟ್ಟ. ಬಲವಾಗಿ ಹೀರಿದ. ಭುಜ ಎರಡೂ ಮೇಲೆ ಹಾರಿ ಅಲ್ಲೇ ನಿಂತವು.

ಅವಳು ಅವನ ಮೊಣಕೈ ಕೆಳಗೆ ಪ್ರೀತಿಯಿಂದ ಎಂಬಂತೆ ಕೈ ಕೊಟ್ಟು, ಬುರುಡೆ ಕೆಳಗಿಳಿಯದ ಹಾಗೆ ಹಿಡಿದಳು.

"ಪೂರ್ತಿ ಕುಡಿ ಅಣ್ಣಯ್ಯ" ಎಂದಳು. "ಸದ್ದು ಬರುವವರೆಗೆ. ನೋಡುವವರು ಇದ್ದಾರೆ."

ಅವನು ಕ್ಯಾಮೆರಾ ನೋಡಿದ. ಶ್ರೀಯಾಳನ್ನು ನೋಡಿದ, ಅವಳ ಹಿಂದೆ ಹೆಬ್ಬೆರಳೆತ್ತಿ ನಿಂತಿದ್ದ ಮಗನನ್ನು ನೋಡಿದ. ಮತ್ತೆ ಹೀರಿದ. ಕತ್ತಿನ ನರ ಉಬ್ಬಿತು, ಕಣ್ಣಿನಿಂದ ನೀರು ದಳದಳ ಇಳಿದು ಕೆನ್ನೆ ದಾಟಿತು. ನಗು ಮಾತ್ರ ಕೊಳವೆಯ ಸುತ್ತ ಹಾಗೇ ಇತ್ತು. ಅತಿಥಿಗಳ ನಡುವೆ ಸಣ್ಣಗೆ ಉಸಿರೆಳೆದ ಸದ್ದು ಎದ್ದಿತು. ಎದೆಯ ಮೇಲೆ ಕೈ ಇಟ್ಟುಕೊಂಡಿದ್ದಾಕೆ ಕಣ್ಣೊರೆಸಿಕೊಂಡಳು. ಇಷ್ಟು ವಯಸ್ಸಾದರೂ ಎಂಥ ಪ್ರೀತಿ ಎಂದು ಯಾರೋ ಇಂಗ್ಲಿಷಿನಲ್ಲಿ ಅಂದರು.

ಕೊನೆಗೆ ಗೊರ್ ಎಂದಿತು. ಚಪ್ಪಾಳೆ ಬಿತ್ತು.

ಸತ್ಯನಾರಾಯಣ ಬುರುಡೆ ವಾಪಸು ಕೊಟ್ಟ. ಕೆಳತುಟಿಯ ನಡುವೆ ಬಿಳಿಯ ಗುಳ್ಳೆ ಏಳುತ್ತಿತ್ತು. "ಥ್ಯಾಂಕ್ಸ್" ಎನ್ನಲು ಹೋದ, ನಾಲಗೆ ಹೊರಳಲಿಲ್ಲ.

"ಸಾಕಂತೆ ಅವನಿಗೆ" ಎಂದು ಸುಮತಿ ಎಲ್ಲರಿಗೂ ತಮಿಳಿನಲ್ಲಿ ಹೇಳಿದಳು.

ಅವನ ಪಕ್ಕದಲ್ಲಿ ಕೂತಿದ್ದ ಬಿಳಿಯ ಹುಡುಗ ತನ್ನ ಸರದಿಯೆಂದು ಉತ್ಸಾಹದಿಂದ ಕೈ ನೀಡಿದ. ಸುಮತಿ ಒಲೆಯ ಗುಂಡಿ ಆರಿಸಿ, ಕೆಟಲಿನ ಮುಚ್ಚಳ ತೆಗೆದು ಪಕ್ಕಕ್ಕಿಟ್ಟಳು.

"ಸ್ವಲ್ಪ ತಡಿಯಪ್ಪ" ಎಂದಳು. "ನೀರು ಆರಲಿ."