ಎರಡು ಬೆರಳು ಬಟ್ಟೆ

ನಮ್ಮ ಬೀದಿಯ ಟೈಲರಕ್ಕ ಯಾರ ಅಂಗಿ ಹೊಲಿದರೂ ಹೊಲಿಗೆಯ ಒಳಗೆ ಎರಡು ಬೆರಳಷ್ಟು ಬಟ್ಟೆ ಉಳಿಸುತ್ತಿದ್ದಳು. ಮುಂದೆ ಮೈ ತುಂಬಿಕೊಂಡರೆ ಬಿಚ್ಚಿ ಸಡಿಲ ಮಾಡಲು ಬೇಕಲ್ಲ. ತನ್ನ ಅಂಗಿಗೆ ಮಾತ್ರ ಒಂದು ಬೆರಳೂ ಬಿಡುತ್ತಿರಲಿಲ್ಲ. ಬಿಟ್ಟರೆ ಮೈಗೆ ಸಲಿಗೆ ಕೊಟ್ಟಂತೆ ಎನ್ನುತ್ತಿದ್ದಳು.

ಮನೆಯವರೇನು ಕಮ್ಮಿಯೇ? ಅವಳು ಊಟಕ್ಕೆ ಕೂತರೆ ಸಾಕು, ಬಾಗಿಲು ಅಗಲ ಮಾಡಿಸಬೇಕು ಎಂದು ಗಂಡ ತಮಾಷೆ ಮಾಡುತ್ತಿದ್ದ. ಎಲ್ಲರೂ ನಗುತ್ತಿದ್ದರು, ಅವಳೂ ನಗುತ್ತಿದ್ದಳು. ನೆನೆದರೆ ನನಗೆ ಈಗಲೂ ಮೈ ಉರಿಯುತ್ತದೆ.

ಅವಳಿಗೆ ಸಕ್ಕರೆ ಕಾಯಿಲೆಯಿತ್ತು. ಮಷೀನು ತುಳಿಯುವ ಬಲಗಾಲಿನ ಹೆಬ್ಬೆರಳಲ್ಲಿ ಹುಣ್ಣಾಯಿತು. ನೋವಿರಲಿಲ್ಲವೆಂದು ಬಟ್ಟೆಚೂರು ಸುತ್ತಿಕೊಂಡು ತುಳಿಯುತ್ತಲೇ ಇದ್ದಳು. ಪಕ್ಕದ ಮನೆಯ ನರ್ಸಮ್ಮ ಅದನ್ನು ಕಂಡು, ಈಗಲೇ ಆಸ್ಪತ್ರೆಗೆ ನಡಿ ಎಂದಳು.

"ಸ್ವಲ್ಪ ಮೈ ಇಳೀಲಿ, ಆಮೇಲೆ ಬರ್ತೀನಿ," ಎಂದಳು ಟೈಲರಕ್ಕ. "ಅಲ್ಲಿ ಎಲ್ಲರ ಮುಂದೆ ತೂಕದ ಮಷೀನು ಹತ್ತಿಸ್ತಾರೆ. ಹೋದ ಸಲ ಒಬ್ಬಳು ಕಿಸಕ್ಕನೆ ನಕ್ಕಳು."

"ನೀನು ಸಣ್ಣ ಆಗೋವರೆಗೂ ಹುಣ್ಣು ಕಾಯುತ್ತಾ? ನೋವಿಲ್ಲ ಅಂದ್ರೆ ವಾಸಿ ಆಯ್ತು ಅಂತಲ್ಲ ಕಣೇ, ಕಾಲು ಮರಗಟ್ಟಿದೆ ಅಂತ. ದಿನಾ ಸಂಜೆ ಕೂತು ಪಾದ ನೋಡ್ಕೋಬೇಕು."

"ಸಂಜೆ ಎಲ್ಲರೂ ಹಸ್ಕೊಂಡು ಬಂದಿರ್ತಾರೆ. ನಾನು ಕಾಲು ನೋಡ್ಕೊಂಡು ಕೂರ್ಲಾ? ನಾಚಿಕೆ ಆಗಲ್ವಾ?"

ನಾಚಿಕೆಯೇ ಗೆದ್ದಿತು. ಅವಳು ಊಟ ಬಿಟ್ಟು ಸಣ್ಣಗಾಗಲು ಹೊರಟಳು, ಹುಣ್ಣು ದೊಡ್ಡದಾಯಿತು. ಜ್ವರ ಬಂದು ಬಿದ್ದ ದಿನ ಗಂಡನೂ ನರ್ಸಮ್ಮನೂ ಹೊತ್ತುಕೊಂಡು ಹೋದರು. ಬಾಗಿಲು ಸಾಕಷ್ಟು ಅಗಲವೇ ಇತ್ತು. ಆಸ್ಪತ್ರೆಯಲ್ಲಿ ಬಲಪಾದ ಕತ್ತರಿಸಬೇಕಾಯಿತು.

ಗಂಡನಿಗೆ ಈಗ ಬುದ್ಧಿ ಬಂದಿದೆ. ಸಂಜೆಯ ಅಡುಗೆ ಅವನದೇ. ಅವಳು ಉಳಿದ ಪಾದವನ್ನು ತೊಳೆದು, ಒರೆಸಿ, ಅಂಗಾಲಿಗೆ ಕನ್ನಡಿ ಹಿಡಿದು ನೋಡಿಕೊಳ್ಳುತ್ತಾಳೆ. ಆ ಹೊತ್ತಿನಲ್ಲಿ ಯಾರೂ ಕರೆಯುವುದಿಲ್ಲ. ಒಂದು ಪಾದ ತೆತ್ತು ಪಡೆದ ಬಿಡುವು ಅದು.

ಮೊನ್ನೆ ತನ್ನ ಅಂಗಿ ಸಡಿಲಿಸಲು ಬಿಚ್ಚಿದಳು. ಒಳಗೆ ಬಟ್ಟೆ ಎಲ್ಲಿಂದ ಬರಬೇಕು? ಅದೇ ಬಣ್ಣದ್ದು ತಂದುಕೊಡುತ್ತೇನೆ ಎಂದಳು ನರ್ಸಮ್ಮ.

"ಬೇಡ, ಮನೇಲಿರೋ ಚೂರೇ ಸೇರಿಸ್ತೀನಿ. ಕಂಡ್ರೆ ಕಾಣ್ಲಿ ಬಿಡು."

ನೀಲಿ ಅಂಗಿಯ ಎರಡೂ ಪಕ್ಕಕ್ಕೆ ಕೆಂಪು ಪಟ್ಟಿ ಇಟ್ಟು ಕೈಯಲ್ಲೇ ಹೊಲಿದಳು. ಹಾಕಿಕೊಂಡು ತುಂಬ ಹೊತ್ತು ಸುಮ್ಮನೆ ಉಸಿರಾಡಿದಳು.

ಓದುತ್ತಿರುವ ಅಕ್ಕಂದಿರೇ, ಅಣ್ಣಂದಿರೇ, ನಿಮ್ಮ ಮೈ ಈಗ ಹೇಗಿದೆಯೋ ಹಾಗೆಯೇ ಆಸ್ಪತ್ರೆಗೆ ಹೋಗಿ. ಸಣ್ಣಗಾದ ಮೇಲೆ ಎಂದು ಕಾಯಬೇಡಿ. ಇವತ್ತು ಸಂಜೆ ನಿಮಗಾಗಿ ಸ್ವಲ್ಪ ಹೊತ್ತು ಕೂತುಕೊಳ್ಳಿ. ಯಾರಾದರೂ ಕರೆದರೆ, ಬರುತ್ತೇನೆ ಇರಿ ಎನ್ನಿ. ಇನ್ನು, ಊಟಕ್ಕೆ ಕೂತವರ ಮೈ ನೋಡಿ ನಗುವವರೇ, ನೀವು ಬಾಯಿ ಮುಚ್ಚಿಕೊಂಡು ಬಡಿಸಿ.