ಲಾಭಪಂಚಮಿಯ ಬೋಣಿ

ರಸೀಲಾಬೆನ್‌ಗೆ ಬರಬೇಕಾಗಿದ್ದದ್ದು ಆರು ಲಕ್ಷ. ಸೂರತ್ತಿನ ವರಾಛಾ ರಸ್ತೆಯ ಹಿಂದಿನ ಓಣಿಯಲ್ಲಿ ಸೀರೆಗೆ ಕಸೂತಿ ಹಾಕುವ ಎರಡು ಯಂತ್ರಗಳು ಆಕೆಯವು. ಗಂಡ ತೀರಿಕೊಂಡ ಮೇಲೂ ಒಂದು ದಿನ ನಿಲ್ಲಿಸದೆ ನಡೆಸಿಕೊಂಡು ಬಂದವಳು. ಆ ದುಡ್ಡು ಕೈಗೆ ಬಾರದಿದ್ದರೆ ಎರಡರಲ್ಲೊಂದು ಯಂತ್ರ ಕೈಬಿಡುವುದು ಖಂಡಿತ.

ಕಸೂತಿ ಮಾಡಿಸಿಕೊಂಡು ಬಾಕಿ ಇಟ್ಟವನು ಪ್ರಫುಲ್ ಚೇವಲಿ, ಜವಳಿ ಮಾರುಕಟ್ಟೆಯ ಸೀರೆ ವ್ಯಾಪಾರಿ. ಶ್ರಾವಣದಲ್ಲೇ ದೀಪಾವಳಿ ನಂತರದ ತಾರೀಕು ಹಾಕಿ ಆರು ಲಕ್ಷದ ಚೆಕ್ ಬರೆದುಕೊಟ್ಟಿದ್ದ. ಲಾಭಪಂಚಮಿಯ ದಿನ, ದೀಪಾವಳಿಗೆ ಮುಚ್ಚಿದ್ದ ಊರಿನ ಅಂಗಡಿಗಳೆಲ್ಲ ಪೂಜೆ ಮಾಡಿ ಮತ್ತೆ ಬಾಗಿಲು ತೆರೆಯುವ ಹೊತ್ತಿಗೆ, ಎಲ್ಲರಿಗಿಂತ ಮೊದಲು ಬಂದ. ಬೋಣಿ ಎಂದು ಸಾವಿರದ ನೂರೊಂದು ರೂಪಾಯಿ ಕೈಗಿಟ್ಟ. ಈಕೆ ಕಣ್ಣಿಗೊತ್ತಿಕೊಂಡು ಲಕ್ಷ್ಮಿಯ ಪಟದ ಮುಂದಿಟ್ಟಳು, ಅವನ ಬಾಯಿಗೆ ಪೇಡಾ ಇಟ್ಟಳು. ಹತ್ತು ದಿನ ಬಿಟ್ಟು ಚೆಕ್ ಬ್ಯಾಂಕಿಗೆ ಹಾಕಿದರೆ, ಖಾತೆಯಲ್ಲಿ ಹಣವಿಲ್ಲವೆಂಬ ಚೀಟಿ ಸಮೇತ ವಾಪಸ್ ಬಂತು. ಪೇಡಾ ಮಾತ್ರ ದಂಡ.

ಆಕೆಯ ವಕೀಲ ಪಾರೇಖ್ ನೋಟಿಸು ಕಳಿಸಿದ, ಹದಿನೈದು ದಿನ ಕಾದ, ಕ್ರಿಮಿನಲ್ ಕೇಸು ಹಾಕಿದ. ಎರಡು ವರ್ಷ ಜೈಲು, ಚೆಕ್ಕಿನ ಎರಡು ಪಟ್ಟು ದಂಡ, ಎಲ್ಲಿ ಹೋಗ್ತಾನೆ ಎಂದು ಧೈರ್ಯ ತುಂಬಿದ. ಕೇಸು ಮುಗಿಯುವವರೆಗಿನ ಪರಿಹಾರವೆಂದು ನ್ಯಾಯಾಧೀಶರು ಐದರಲ್ಲೊಂದು ಪಾಲು, ಒಂದು ಲಕ್ಷದ ಇಪ್ಪತ್ತು ಸಾವಿರ, ಮೊದಲೇ ಕೊಡಿಸಿದರು. ಅದು ಬಂದ ದಿನವೇ ಯಂತ್ರದ ಕಂತಿಗೆ ಹೋಯಿತು. ಕೇಸು ಗೆದ್ದಂತೆಯೇ ಎಂದು ಆಕೆ ನಂಬಿಬಿಟ್ಟಳು, ಪಾಪ.

ಸಾಕ್ಷಿ ಕಟ್ಟೆ ಹತ್ತುವ ಮೊದಲು ಪಾರೇಖ್ ಒಂದೇ ಮಾತು ಹೇಳಿದ್ದ, ಕೇಳಿದ್ದಕ್ಕಷ್ಟೇ ಉತ್ತರ ಕೊಡಿ ಎಂದು. ಪ್ರಫುಲ್‌ನ ವಕೀಲ ಮರ್ಚಂಟ್ ಸಾಹೇಬ ತಣ್ಣಗಿನ ಮನುಷ್ಯ. ಲಾಭಪಂಚಮಿಗೆ ಪ್ರಫುಲ್‌ಭಾಯಿ ಬಂದಿದ್ದರಾ ಎಂದು ಕೇಳಿದ. ಬಂದಿದ್ದ. ದುಡ್ಡು ಕೊಟ್ಟರಾ? ಕೊಟ್ಟ, ಬೋಣಿಗೆ. ಆವತ್ತು ಏನಾದರೂ ಮಾಲು ಒಯ್ದರಾ? ಇಲ್ಲ.

"ಮಾಲಿಲ್ಲದೆ ದುಡ್ಡು ಕೊಟ್ರಾ? ಹಾಗಾದ್ರೆ ದಾನ ಅನ್ನಿ, ಬೆನ್."

ರಸೀಲಾಬೆನ್‌ಗೆ ಮೈಯೆಲ್ಲ ಉರಿಯಿತು.

"ದಾನ ತಗೊಳ್ಳೋ ಮನೆಯವಳಲ್ಲ ನಾನು. ನನಗೆ ಬರಬೇಕಾದ್ದರಲ್ಲೇ ಕೊಟ್ಟ, ಪುಗಸಟ್ಟೆ ಅಲ್ಲ."

ಮರ್ಚಂಟ್ ಸಾಹೇಬ ಕೂತುಬಿಟ್ಟ. ಪಾರೇಖ್ ಹಣೆ ಚಚ್ಚಿಕೊಳ್ಳುವುದೊಂದು ಬಾಕಿ.

ತೀರ್ಪು ಬರುವ ಹೊತ್ತಿಗೆ ಚೆಕ್ ವಾಪಸಾಗಿ ಮೂರೂವರೆ ವರ್ಷ. ಚೆಕ್ ಬ್ಯಾಂಕಿಗೆ ಹಾಕುವ ಮೊದಲೇ ಬಾಕಿಯಲ್ಲಿ ಸಾವಿರದ ನೂರೊಂದು ಸಂದಿತ್ತು, ಅದನ್ನು ಚೆಕ್ಕಿನ ಮೇಲೆ ನಮೂದಿಸಿರಲಿಲ್ಲ, ನೋಟಿಸಿನಲ್ಲೂ ಪೂರ್ತಿ ಆರು ಲಕ್ಷ ಕೇಳಿದ್ದರು, ಅಂದರೆ ಚೆಕ್ಕಿನ ಮೊತ್ತ ನಿಜವಾದ ಬಾಕಿಗಿಂತ ಹೆಚ್ಚಾಗಿತ್ತು, ಆದ್ದರಿಂದ ಅಪರಾಧವಾಗಲಿಲ್ಲ ಎಂದು ನ್ಯಾಯಾಧೀಶರು ಪ್ರಫುಲ್‌ನನ್ನು ಬಿಟ್ಟರು. ಬಾಕಿ ವಸೂಲಿಗೆ ಸಿವಿಲ್ ದಾವೆ ಹಾಕುವ ಮೂರು ವರ್ಷದ ಗಡುವೂ ದಾಟಿ ಹೋಗಿತ್ತು. ಮೇಲಾಗಿ, ಮೊದಲು ಪಡೆದ ಪರಿಹಾರವನ್ನು ಬಡ್ಡಿ ಸಮೇತ ಅರವತ್ತು ದಿನದೊಳಗೆ ಪ್ರಫುಲ್‌ಗೆ ಹಿಂದಿರುಗಿಸಬೇಕು. ಒಟ್ಟು ಒಂದು ಲಕ್ಷದ ನಲವತ್ತು ಸಾವಿರ. ಇಂಥ ಲೆಕ್ಕಕ್ಕೆ ನಗಬೇಕೋ ಅಳಬೇಕೋ ನೀವೇ ಹೇಳಿ.

ರಸೀಲಾಬೆನ್ ಅಳಲಿಲ್ಲ. ಯಂತ್ರವೊಂದನ್ನು ಪಕ್ಕದ ಓಣಿಯವನಿಗೆ ಮಾರಿ, ಸಾಲ ತೀರಿಸಿ ಉಳಿದದ್ದನ್ನು ಖಾತೆಗೆ ಹಾಕಿದಳು. ನಲವತ್ತೆಂಟನೆಯ ದಿನ ಚೆಕ್ ಬರೆದು, ಎರಡೆರಡು ಸಲ ಅಂಕಿ ನೋಡಿ, ತಾನೇ ಮರ್ಚಂಟ್ ಸಾಹೇಬನ ಕಚೇರಿಗೆ ಒಯ್ದಳು. ಪ್ರಫುಲ್ ಅಲ್ಲೇ ಕುಳಿತು ಚಹಾ ಕುಡಿಯುತ್ತಿದ್ದ. ಬೆನ್‌ಗೂ ಒಂದು ಕಪ್ ತರಿಸಲು ಹೇಳಿದ. ಆಕೆ ಬೇಡವೆಂದು ಚೆಕ್ಕನ್ನು ಮೇಜಿನ ಮೇಲಿಟ್ಟಳು.

ಅವನು ಅದನ್ನು ಓದಿದ, ನಿಧಾನವಾಗಿ ಆಕೆಯ ಕಡೆಗೇ ಸರಿಸಿದ.

"ಚೆಕ್ ಬೇಡ, ಬೆನ್. ಡಿಡಿ ಮಾಡಿಸ್ಕೊಂಡು ಬನ್ನಿ."

"ನನ್ನ ಚೆಕ್ ಇವತ್ತಿನವರೆಗೂ ಒಂದೂ ವಾಪಸ್ ಬಂದಿಲ್ಲ, ಪ್ರಫುಲ್‌ಭಾಯಿ."

"ಇರಬಹುದು. ಆದ್ರೂ ಕಾಲ ಕೆಟ್ಟಿದೆ ನೋಡಿ."

ಬ್ಯಾಂಕಿನಲ್ಲಿ ಡಿಡಿ ಕೊಡುವ ಕಿಟಕಿಯ ಮುಂದೆ ಏಳು ಜನರಿದ್ದರು. ರಸೀಲಾಬೆನ್ ಹೋಗಿ ಎಂಟನೆಯವಳಾಗಿ ನಿಂತಳು.